ಕೂಗಿದಾಗ ಯಾರೂ ಇರಲಿಲ್ಲ, ಕೇಸು ವಜಾ: ಮುಂದೇನು?

ಮಂಡ್ಯ ಕೋರ್ಟಿನ ಹೊರಗೆ ಟೀ ಕುಡಿಯುತ್ತಾ ಸುಮ್ನೆ ಅರ್ಧ ಗಂಟೆ ನಿಂತರೆ ಸಾಕು, ಈ ಮಾತು ಒಂದು ಸಲವಾದರೂ ಕಿವಿಗೆ ಬೀಳುತ್ತದೆ: "ಕೇಸು ಡಿಸ್‌ಮಿಸ್ ಆಗೋಯ್ತಂತೆ ಕಣಣ್ಣ." ಹೇಳುವವರ ಮುಖ ನೋಡಿದರೆ ಜಮೀನೇ ಕೈಬಿಟ್ಟು ಹೋದ ಹಾಗಿರುತ್ತದೆ. ಕೆಲವರು ಅಲ್ಲಿಗೇ ಕೈಚೆಲ್ಲಿ ಕೂರುತ್ತಾರೆ. ಇನ್ನು ಕೆಲವರು ಇದಕ್ಕೆ ಉಲ್ಟಾ: "ಅಯ್ಯೋ ಬಿಡಿ, ಇನ್ನೊಂದು ಸಲ ಹಾಕಿದ್ರಾಯ್ತು" ಅಂತ ಆರು ತಿಂಗಳು ಹಾಯಾಗಿರುತ್ತಾರೆ. ಇಬ್ಬರ ಲೆಕ್ಕವೂ ತಪ್ಪು. ಎರಡನೆಯವರದ್ದು ಸ್ವಲ್ಪ ಜಾಸ್ತಿ ತಪ್ಪು.

ಗೈರುಹಾಜರಿಗೆ ಕೇಸು ವಜಾ ಮಾಡುವುದು ಅಂದರೆ ಜಡ್ಜು ನಿಮ್ಮ ಪತ್ರ ನೋಡಿ, ಸಾಕ್ಷಿ ಕೇಳಿ, "ನಿನ್ನ ಕಡೆ ನ್ಯಾಯ ಇಲ್ಲ" ಅಂದದ್ದಲ್ಲ. ಕೂಗಿದಾಗ ನೀವೂ ಇರಲಿಲ್ಲ, ನಿಮ್ಮ ವಕೀಲರೂ ಇರಲಿಲ್ಲ, ಅದಕ್ಕೆ ಫೈಲು ಮುಚ್ಚಿದರು, ಅಷ್ಟೆ. ಸಿವಿಲ್ ಪ್ರಕ್ರಿಯಾ ಸಂಹಿತೆ, ಅಂದರೆ 1908ರ ಸಿ.ಪಿ.ಸಿ., ಇಂಥ ಆದೇಶವನ್ನು ಡಿಕ್ರಿ (ಹಕ್ಕು ಯಾರದ್ದು ಅಂತ ತೀರ್ಮಾನಿಸುವ ಅಂತಿಮ ಆದೇಶ) ಅಂತಲೇ ಲೆಕ್ಕಕ್ಕೆ ತಗೊಳ್ಳುವುದಿಲ್ಲ. ಹಾಗಾಗಿ ಮುಚ್ಚಿದ ಫೈಲನ್ನು ಅದೇ ಕೋರ್ಟಿನಲ್ಲಿ ಮತ್ತೆ ತೆರೆಸಬಹುದು. ಆದರೆ ತೆರೆಸಲು 30 ದಿನ ಮಾತ್ರ. ಅದೂ ನಿಮಗೆ ಗೊತ್ತಾದ ದಿನದಿಂದಲ್ಲ, ವಜಾ ಆದ ದಿನದಿಂದ. ಹೆಚ್ಚಿನವರು ಎಡವುವುದು ಇಲ್ಲೇ.

ಮೊದಲು ಆ ದಿನ ಕೋರ್ಟ್ ಹಾಲಿನಲ್ಲಿ ಏನಾಗುತ್ತದೆ ಅಂತ ನೋಡಿ. ಬೆಳಿಗ್ಗೆ ಹನ್ನೊಂದರ ಹೊತ್ತಿಗೆ ಜಡ್ಜು ಬಂದು ಕೂರುತ್ತಾರೆ. ಬೆಂಚ್ ಕ್ಲರ್ಕ್ ಅವತ್ತಿನ ಪಟ್ಟಿ ಹಿಡಿದು ಒಂದೊಂದೇ ನಂಬರ್ ಹೇಳುತ್ತಾ ಹೋಗುತ್ತಾರೆ, ಫೈಲು ಜಡ್ಜಿನ ಮುಂದೆ ಹೋಗುತ್ತದೆ. ಯಾರೂ ಎದ್ದು ನಿಲ್ಲಲಿಲ್ಲ ಅಂದರೆ ಅಟೆಂಡರ್ ಬಾಗಿಲ ಹತ್ತಿರ ಬಂದು ವರಾಂಡಕ್ಕೆ ಕೇಳುವ ಹಾಗೆ ವಾದಿಯ ಹೆಸರು ಹಿಡಿದು ಕೂಗುತ್ತಾರೆ. ಹೆಚ್ಚಿನ ಜಡ್ಜುಗಳು ಮೊದಲನೇ ಕೂಗಿಗೇ ವಜಾ ಮಾಡುವುದಿಲ್ಲ. ಪಾಸ್ ಓವರ್ ಅಂತ ಫೈಲು ಪಕ್ಕಕ್ಕಿಟ್ಟು ಮಧ್ಯಾಹ್ನ ಮತ್ತೊಂದು ಸಲ ಕೂಗಿಸುತ್ತಾರೆ. ಆಗಲೂ ಇಲ್ಲ ಅಂದರೆ ಆರ್ಡರ್ ಶೀಟಿನಲ್ಲಿ ಎರಡು ಮೂರು ಸಾಲು ಬೀಳುತ್ತದೆ: ಕೂಗಿಸಲಾಯಿತು, ವಾದಿ ಗೈರು, ವಾದಿ ಪರ ವಕೀಲರು ಗೈರು, ಪ್ರತಿವಾದಿ ಪರ ವಕೀಲರು ಹಾಜರು ಅಥವಾ ಗೈರು, ದಾವಾ ವಜಾ.

ಈ ಸಾಲುಗಳಲ್ಲಿ ಎಲ್ಲರ ಕಣ್ಣು "ವಜಾ" ಅನ್ನುವುದರ ಮೇಲೆ ಹೋಗುತ್ತದೆ. ನೀವು ನೋಡಬೇಕಾದ್ದು ಅದರ ಹಿಂದಿನ ಸಾಲು. ಅವತ್ತು ಎದುರುಪಾರ್ಟಿ ಇದ್ದರಾ, ಇರಲಿಲ್ವಾ? ನಿಮ್ಮ ಮುಂದಿನ ದಾರಿ ನಿಂತಿರುವುದು ಅದರ ಮೇಲೆ. ಅಲ್ಲಿಗೆ ಬರೋಣ. ಅದಕ್ಕೂ ಮೊದಲು ಎಲ್ಲರೂ ಕೇಳುವ ಒಂದು ಪ್ರಶ್ನೆ ಮುಗಿಸಿಬಿಡೋಣ.

ಪ್ರತಿ ವಾಯಿದೆಗೂ ನಾವೇ ಹೋಗಬೇಕಾ? ಸಿವಿಲ್ ಕೇಸಿನಲ್ಲಿ ಬೇಡ. ವಕಾಲತ್ತು ಹಾಕಿದ ಮೇಲೆ ವಕೀಲರು ನಿಂತರೆ ನೀವು ನಿಂತ ಹಾಗೆ. ಪಾಂಡವಪುರದಿಂದಲೋ ಮಳವಳ್ಳಿಯಿಂದಲೋ ಕೆಲಸ ಬಿಟ್ಟು ಬಂದು, ಬೆಂಚಿನ ಮೇಲೆ ಎರಡು ಗಂಟೆ ಕೂತು, "ಮುಂದಿನ ತಿಂಗಳು 14ಕ್ಕೆ" ಅನ್ನುವುದನ್ನು ಕೇಳಿಕೊಂಡು ವಾಪಸ್ ಹೋಗುವ ಅಗತ್ಯ ಎಷ್ಟೋ ಸಲ ಇರುವುದೇ ಇಲ್ಲ. ನೀವೇ ಬರಬೇಕಾದ ಘಟ್ಟ ಬೇರೆ: ನಿಮ್ಮ ಸಾಕ್ಷ್ಯ ಹೇಳುವ ದಿನ, ನಿಮ್ಮನ್ನು ಪಾಟೀಸವಾಲಿಗೆ, ಅಂದರೆ ಎದುರಿನ ವಕೀಲರ ಪ್ರಶ್ನೆಗಳಿಗೆ, ಕರೆದ ದಿನ, ಖುದ್ದು ಬನ್ನಿ ಅಂತ ಕೋರ್ಟೇ ಹೇಳಿದ ದಿನ. ಅವತ್ತು ವಕೀಲರೊಬ್ಬರೇ ನಿಂತು "ಪಾರ್ಟಿ ಬಂದಿಲ್ಲ ಸ್ವಾಮಿ, ಇನ್ನೊಂದು ವಾಯಿದೆ ಕೊಡಿ" ಅಂದರೆ ಒಂದು ಸಲ ಕೊಡುತ್ತಾರೆ, ಎರಡು ಸಲ ಕೊಡುತ್ತಾರೆ. ವಿಚಾರಣೆ ಶುರುವಾದ ಮೇಲೆ ಒಬ್ಬ ಪಾರ್ಟಿಗೆ ಮೂರಕ್ಕಿಂತ ಜಾಸ್ತಿ ವಾಯಿದೆ ಕೊಡುವ ಹಾಗಿಲ್ಲ ಅಂತ ಸಿ.ಪಿ.ಸಿ.ಯ 17ನೇ ಆದೇಶದಲ್ಲೇ ಇದೆ. (ಇಲ್ಲಿ ಆದೇಶ ಅಂದರೆ ಜಡ್ಜಿನ ಆರ್ಡರ್ ಅಲ್ಲ, ಸಿ.ಪಿ.ಸಿ.ಯ ಒಂದು ಅಧ್ಯಾಯ ಇದ್ದ ಹಾಗೆ, ಅದರೊಳಗೆ ನಿಯಮಗಳಿರುತ್ತವೆ.) ಅದು ಎಷ್ಟು ನಡೆಯುತ್ತದೆ ಅನ್ನುವುದು ಕೋರ್ಟಿಗೆ ಓಡಾಡಿದವರಿಗೆಲ್ಲ ಗೊತ್ತು. ಆದರೆ ಜಡ್ಜು ಯಾವತ್ತು ಆ ನಿಯಮ ತೆಗೆದು ಮುಂದಿಡುತ್ತಾರೆ ಅಂತ ಮೊದಲೇ ಹೇಳಲಾಗುವುದಿಲ್ಲ, ಅಲ್ವಾ?

ಇನ್ನೊಂದು ವಿಷಯ. ವಕೀಲರು ಹಾಲಿನಲ್ಲಿದ್ದರೂ "ನನಗೆ ಪಾರ್ಟಿಯಿಂದ ಯಾವ ಸೂಚನೆಯೂ ಇಲ್ಲ" ಅಂತ ಮೆಮೊ ಹಾಕಿ ಕೂತರೆ ಅದನ್ನು ಹಾಜರಿ ಅಂತ ತಗೊಳ್ಳುವುದಿಲ್ಲ. ಫೀಸ್ ಕೊಟ್ಟಿಲ್ಲ, ಫೋನ್ ಎತ್ತಿಲ್ಲ, ನಂಬರ್ ಬದಲಾಯಿಸಿ ತಿಳಿಸಿಲ್ಲ, ಹೀಗೆ ಏನೋ ಒಂದು ಕಾರಣಕ್ಕೆ ವಕೀಲರು ಹಿಂದೆ ಸರಿದಿರುತ್ತಾರೆ. ಹಾಗಾದಾಗ ಪಾರ್ಟಿಗೆ ಕೋರ್ಟು ನೋಟಿಸ್ ಕಳಿಸಬೇಕು, ತಿಳಿಸದೆ ಮುಂದಕ್ಕೆ ಹೋಗಬಾರದು ಅಂತ ಸುಪ್ರೀಂ ಕೋರ್ಟು ಮಲ್ಕಿಯತ್ ಸಿಂಗ್ ಅವರ ಕೇಸಿನಲ್ಲಿ ಹೇಳಿದೆ. ನಿಮ್ಮ ಕೇಸು ಹೀಗೆ ಬಿದ್ದಿದ್ದರೆ ಈ ತೀರ್ಪು ನೆನಪಿಟ್ಟುಕೊಳ್ಳಿ, ಮತ್ತೆ ತೆರೆಸುವಾಗ ಬೇಕಾಗುತ್ತದೆ.

ಈಗ ಆ ಸಾಲಿಗೆ ಬರೋಣ. ಸಿ.ಪಿ.ಸಿ.ಯ 9ನೇ ಆದೇಶವೇ ಇದರ ಮನೆ.

ಅವತ್ತು ಇಬ್ಬರೂ ಇರಲಿಲ್ಲ ಅಂದರೆ 3ನೇ ನಿಯಮದಲ್ಲಿ ವಜಾ. ಆಗ ನಿಮಗೆ ಎರಡು ಬಾಗಿಲು. 4ನೇ ನಿಯಮದಡಿ ಅರ್ಜಿ ಹಾಕಿ ಅದೇ ದಾವಾ ಮತ್ತೆ ತೆರೆಸಬಹುದು, ಇಲ್ಲವೇ ಹೊಸದಾಗಿ ದಾವಾ ಹೂಡಬಹುದು. ಸಮನ್ಸ್ ಕಳಿಸಲು ಪ್ರೋಸೆಸ್ ಫೀ ಕಟ್ಟಲಿಲ್ಲ ಅಂತ 2ನೇ ನಿಯಮದಲ್ಲಿ ವಜಾ ಆದರೂ ಹೀಗೇ. ಈ ಪ್ರೋಸೆಸ್ ಫೀ (ಪಿ.ಎಫ್.) ಕಟ್ಟಿಲ್ಲ ಅಂತ ಬೀಳುವ ಕೇಸು ಕಡಿಮೆ ಏನಿಲ್ಲ. ಚಿಲ್ಲರೆ ದುಡ್ಡಿಗೆ ಲಕ್ಷಗಟ್ಟಲೆ ವ್ಯಾಜ್ಯ ನಿಂತುಹೋಗುತ್ತದೆ.

ಅವತ್ತು ಎದುರುಪಾರ್ಟಿ ಇದ್ದು ನೀವು ಮಾತ್ರ ಇರಲಿಲ್ಲ ಅಂದರೆ 8ನೇ ನಿಯಮದಲ್ಲಿ ವಜಾ. ಎದುರಿನವರು ನಿಮ್ಮ ಕೇಳಿಕೆಯಲ್ಲಿ ಎಷ್ಟನ್ನಾದರೂ ಒಪ್ಪಿಕೊಂಡರೆ ಅಷ್ಟಕ್ಕೆ ಡಿಕ್ರಿ ಆಗುತ್ತದೆ, ಉಳಿದದ್ದು ವಜಾ. (ಯಾರು ಒಪ್ಪಿಕೊಳ್ಳುತ್ತಾರೆ ಬಿಡಿ.) ಇಲ್ಲಿ ನಿಮಗೆ ಉಳಿಯುವುದು ಒಂದೇ ಬಾಗಿಲು. ಅದೇ ವ್ಯಾಜ್ಯಕಾರಣಕ್ಕೆ ಹೊಸ ದಾವಾ ಹಾಕುವ ಹಾಗಿಲ್ಲ ಅಂತ 9ನೇ ನಿಯಮ ಖಡಾಖಂಡಿತವಾಗಿ ಹೇಳುತ್ತದೆ. ಹಳೇ ದಾವಾವನ್ನೇ ತೆರೆಸಬೇಕು. ತೆರೆಸಲಾಗಲಿಲ್ಲ ಅಂದರೆ ಆ ವಿಷಯ ಅಲ್ಲಿಗೆ ಮುಗಿಯಿತು.

ವಿಚಿತ್ರ ಅನ್ನಿಸುತ್ತದೆ ಅಲ್ವಾ? ನೀವೂ ಹೋಗಲಿಲ್ಲ, ಅವರೂ ಬರಲಿಲ್ಲ ಅಂದರೆ ನಿಮ್ಮ ಸ್ಥಿತಿ ಪರವಾಗಿಲ್ಲ. ನೀವು ಹೋಗದ ದಿನ ಅವರು ಬಂದು ಕೂತಿದ್ದರೆ ಕಷ್ಟ. ಆದರೆ ಇದರಲ್ಲಿ ನ್ಯಾಯ ಇದೆ. ನಿಮ್ಮ ದಾವಾಕ್ಕೆ ಅಂತ ಆತ ದುಡ್ಡು ಖರ್ಚು ಮಾಡಿ ಬಂದು ಕಾದಿದ್ದಾನೆ, ಕೇಸು ಹಾಕಿದ ನೀವೇ ಇಲ್ಲ. ಆತನನ್ನು ಮತ್ತೆ ಮತ್ತೆ ಹೊಸ ದಾವಾ ಹಾಕಿ ಅಲೆಸಬಾರದು ಅನ್ನುವುದು ಕಾನೂನಿನ ಲೆಕ್ಕ.

ಪಾಲು ದಾವಾಗಳ ವಿಷಯದಲ್ಲಿ ಸ್ವಲ್ಪ ರಿಯಾಯಿತಿ ಇದೆ. ನಮ್ಮ ಕಡೆ ಸಿವಿಲ್ ಕೋರ್ಟಿಗೆ ಬರುವುದರಲ್ಲಿ ಅಣ್ಣತಮ್ಮಂದಿರ, ಅಕ್ಕತಂಗಿಯರ ಪಾಲಿನ ವ್ಯಾಜ್ಯವೇ ದಂಡಿಯಾಗಿದೆ, ಅದಕ್ಕೆ ಹೇಳುತ್ತಿದ್ದೇನೆ. ಆಸ್ತಿ ಎಲ್ಲಿಯವರೆಗೆ ಜಂಟಿಯಾಗಿರುತ್ತದೋ ಅಲ್ಲಿಯವರೆಗೆ ಪಾಲು ಕೇಳುವ ಹಕ್ಕೂ ಇದ್ದೇ ಇರುತ್ತದೆ. ಆದ್ದರಿಂದ ಒಂದು ಪಾಲು ದಾವಾ ಗೈರುಹಾಜರಿಗೆ ಬಿದ್ದರೆ ಇನ್ನೊಂದು ಹಾಕಲು ಅಡ್ಡಿಯಿಲ್ಲ ಅಂತ ಹೈಕೋರ್ಟುಗಳು ಹೇಳುತ್ತಾ ಬಂದಿವೆ. ಹಾಗಂತ ಇದನ್ನು ನಂಬಿಕೊಂಡು ಕೂರುವುದು ಬುದ್ಧಿವಂತಿಕೆಯಲ್ಲ. ಹೊಸ ದಾವಾ ಅಂದರೆ ಮತ್ತೆ ಕೋರ್ಟ್ ಫೀ, ಮತ್ತೆ ಎಲ್ಲರಿಗೂ ಸಮನ್ಸ್, ಅಷ್ಟರಲ್ಲಿ ಒಬ್ಬರೋ ಇಬ್ಬರೋ ಜಮೀನು ಮಾರಿ ಬೆಂಗಳೂರು ಸೇರಿರುತ್ತಾರೆ.

ಹಣ ವಸೂಲಿಯ ದಾವಾದಲ್ಲಂತೂ "ಹೊಸದಾಗಿ ಹಾಕಬಹುದು" ಅನ್ನುವ ಮಾತು ಬಹಳ ಸಲ ಕಾಗದದ ಮೇಲಷ್ಟೇ ಉಳಿಯುತ್ತದೆ. ಒಬ್ಬರು 2016ರ ಜನವರಿಯಲ್ಲಿ ಪ್ರಾಮಿಸರಿ ನೋಟ್ ಬರೆಸಿಕೊಂಡು ನಾಲ್ಕು ಲಕ್ಷ ಸಾಲ ಕೊಟ್ಟರು ಅಂದುಕೊಳ್ಳಿ. ದಾವಾ ಹಾಕಲು ಮೂರು ವರ್ಷ ಟೈಮು. 2018ರ ಕೊನೆಗೆ ಹಾಕಿದರು. 2025ರಲ್ಲಿ ಇಬ್ಬರೂ ಇಲ್ಲದ ದಿನ ಅದು ವಜಾ ಆಯಿತು. 4ನೇ ನಿಯಮ ಹೊಸ ದಾವಾ ಹಾಕಿ ಅನ್ನುತ್ತದೆ ನಿಜ, ಆದರೆ ಕಾಲಮಿತಿಗೆ ಒಳಪಟ್ಟು ಅಂತಲೂ ಸೇರಿಸುತ್ತದೆ. ಆ ಮೂರು ವರ್ಷ 2019ರ ಜನವರಿಗೇ ಮುಗಿದಿದೆ. ಕೇಸು ಕೋರ್ಟಿನಲ್ಲಿದ್ದ ಅವಧಿಯನ್ನು ಕಳೆಯುವುದಿಲ್ಲ. ಹಾಗಾಗಿ ಅವರಿಗೂ ಉಳಿಯುವುದು 30 ದಿನದ ಬಾಗಿಲು ಮಾತ್ರ.

ಆ 30 ದಿನ ಬಂದದ್ದು 1963ರ ಕಾಲಮಿತಿ ಅಧಿನಿಯಮದ 122ನೇ ಅನುಚ್ಛೇದದಿಂದ. ವಜಾ ಆದ ದಿನ ಬಿಟ್ಟು ಮಾರನೇ ದಿನದಿಂದ ಎಣಿಸಬೇಕು. 30ನೇ ದಿನ ಕೋರ್ಟಿಗೆ ರಜೆ ಇದ್ದರೆ, ದಸರಾ ಇರಲಿ ಬೇಸಿಗೆ ರಜೆ ಇರಲಿ, ಕೋರ್ಟು ತೆರೆದ ದಿನವೇ ಹಾಕಬೇಕು. ಇದರಲ್ಲಿ ಒಂದು ಗುಂಡಿ ಇದೆ, ಓದಿಕೊಂಡವರೂ ಬೀಳುತ್ತಾರೆ. ಆದೇಶದ ಸರ್ಟಿಫೈಡ್ ಕಾಪಿ ಬರಲಿ ಅಂತ ಕಾಯುವುದು. ಅಪೀಲು ಹಾಕುವಾಗ ನಕಲು ಸಿಗಲು ಹಿಡಿದ ದಿನಗಳನ್ನು ಕಾಲಮಿತಿಯಿಂದ ಕಳೆಯುತ್ತಾರೆ. ಆ ಸೌಲಭ್ಯ ಅಪೀಲು, ರಿವಿಜನ್, ರಿವ್ಯೂ ಇಂಥವಕ್ಕೆ. ಮತ್ತೆ ತೆರೆಸುವ ಅರ್ಜಿಗೆ ಅದು ಸಿಗುತ್ತದೆ ಅಂತ ನಂಬಬೇಡಿ. ನಕಲಿಗೆ ಅರ್ಜಿ ಕೊಟ್ಟುಬಿಡಿ, ಆದರೆ ಅದಕ್ಕಾಗಿ ಕಾಯದೆ ಇದನ್ನು ಹಾಕಿ. ವಜಾ ಆದ ದಿನವೇ ಸಂಜೆಯೊಳಗೆ ಹಾಕಿದರೆ ಇನ್ನೂ ಚೆನ್ನ. ಮಧ್ಯಾಹ್ನ ವಜಾ ಆಯಿತು, ಬಸ್ಸು ಕೆಟ್ಟು ನಾಲ್ಕಕ್ಕೆ ಬಂದೆ, ಬಂದ ತಕ್ಷಣ ಅರ್ಜಿ ಹಾಕಿದೆ ಅನ್ನುವವನನ್ನು ಜಡ್ಜು ನೋಡುವ ರೀತಿಯೇ ಬೇರೆ.

ದಿನ ಮೀರಿಹೋಗಿದೆ ಅಂದರೆ? ಅದೇ ಕಾಯಿದೆಯ 5ನೇ ಕಲಂನಲ್ಲಿ ವಿಳಂಬ ಮನ್ನಾ ಮಾಡಿ ಅಂತ ಇನ್ನೊಂದು ಅರ್ಜಿ ಜೊತೆಗೆ ಹೋಗಬೇಕು. ಆಗ ನೀವು ಎರಡು ಪ್ರಶ್ನೆಗೆ ಉತ್ತರ ಕೊಡಬೇಕು: ಅವತ್ತು ಯಾಕೆ ಬರಲಿಲ್ಲ, ಅವತ್ತಿನಿಂದ ಇವತ್ತಿನವರೆಗೆ ಯಾಕೆ ಸುಮ್ಮನಿದ್ದಿರಿ. ಈ ಎರಡನ್ನೂ ಕಲಸಿ ಒಂದೇ ಪ್ರಮಾಣಪತ್ರದಲ್ಲಿ ನಾಲ್ಕು ಸಾಲು ಬರೆದು ಹಾಕುವವರು ಬಹಳ ಜನ. ವಿಳಂಬ ಮನ್ನಾದಲ್ಲಿ ಕೋರ್ಟುಗಳು ಉದಾರವಾಗಿರಬೇಕು, ತಾಂತ್ರಿಕ ಕಾರಣಕ್ಕೆ ನ್ಯಾಯ ಕೊಲ್ಲಬಾರದು ಅಂತ ಸುಪ್ರೀಂ ಕೋರ್ಟು 1987ರಲ್ಲಿ ಕಾತಿಜಿ ಕೇಸಿನಲ್ಲಿ ಹೇಳಿದ್ದನ್ನು ವಕೀಲರೆಲ್ಲ ಬಾಯಿಪಾಠ ಮಾಡಿಕೊಂಡಿದ್ದಾರೆ. ಉದಾರತೆ ಇರುವುದು ನಿಜ. ಆದರೆ ಅದು ಕಾರಣ ಹೇಳಿದವರಿಗೆ. ಮೂರು ವರ್ಷ ಫೈಲಿನ ಕಡೆ ತಲೆ ಹಾಕದೆ, ಜಮೀನಿನ ರೇಟು ಏರಿದ ಮೇಲೆ ಎದ್ದು ಬಂದವರಿಗೆ ಆ ತೀರ್ಪು ಆಸರೆಯಾಗುವುದಿಲ್ಲ.

ಕಾರಣದ ವಿಷಯಕ್ಕೆ ಬಂದರೆ, ಕಾನೂನು ಕೇಳುವುದು ಸಕಾರಣ. ಪಟ್ಟಿ ಕೊಟ್ಟಿಲ್ಲ. ಅವತ್ತು, ಆ ಒಂದು ದಿನ, ನೀವು ಬರಲಾಗದ್ದಕ್ಕೆ ನಂಬುವಂಥ ಕಾರಣ ಇತ್ತಾ ಅನ್ನುವುದಷ್ಟೇ ಮುಖ್ಯ. ಹಿಂದೆ ಹತ್ತು ಸಲ ತಪ್ಪಿಸಿಕೊಂಡಿದ್ದಿರಿ ಅನ್ನುವುದನ್ನು ಇದಕ್ಕೆ ಗಂಟು ಹಾಕಬಾರದು ಅಂತ 2000ರಲ್ಲಿ ಜಿ.ಪಿ. ಶ್ರೀವಾಸ್ತವ ಕೇಸಿನಲ್ಲಿ ಸುಪ್ರೀಂ ಕೋರ್ಟು ಹೇಳಿದೆ.

ನಮ್ಮ ಕೋರ್ಟುಗಳಲ್ಲಿ ಹಾಕುವ ಪ್ರಮಾಣಪತ್ರಗಳನ್ನು ನೋಡಿದರೆ ಇಡೀ ಜಿಲ್ಲೆಗೇ ವಾಯಿದೆಯ ದಿನ ಜ್ವರ ಬಂದಿರುತ್ತದೆ. "ಅನಾರೋಗ್ಯದ ನಿಮಿತ್ತ ಹಾಜರಾಗಲು ಸಾಧ್ಯವಾಗಲಿಲ್ಲ", ಅಷ್ಟೆ. ಯಾವ ಕಾಯಿಲೆ, ಯಾವ ಆಸ್ಪತ್ರೆ, ಎಷ್ಟು ದಿನ, ಒಂದಕ್ಷರ ಇಲ್ಲ. ಇದನ್ನು ಎದುರಿನ ವಕೀಲರು ಪಾಟೀಸವಾಲಿನಲ್ಲಿ ಎರಡೇ ನಿಮಿಷಕ್ಕೆ ಬಿಚ್ಚಿಹಾಕುತ್ತಾರೆ. ನಿಜವಾದ ಕಾರಣವನ್ನೇ ಬರೆಯಿರಿ, ಅದು ಸಣ್ಣದು ಅನ್ನಿಸಿದರೂ. ಅವತ್ತು ಕಾವೇರಿ ಬಂದ್, ಬಸ್ಸು ಇರಲಿಲ್ಲ ಅಂದರೆ ಅದು ಊರಿಗೇ ಗೊತ್ತಿರುವ ವಿಷಯ, ಪತ್ರಿಕೆಯ ತುಣುಕು ಲಗತ್ತಿಸಿದರೆ ಸಾಕು. ತಾಯಿಯನ್ನು ಮೈಸೂರಿನ ಆಸ್ಪತ್ರೆಗೆ ಸೇರಿಸಿದ್ದರೆ ಡಿಸ್ಚಾರ್ಜ್ ಚೀಟಿ ಹಾಕಿ. ಫೈಲು ಒಂದು ಕೋರ್ಟಿನಿಂದ ಇನ್ನೊಂದಕ್ಕೆ ವರ್ಗ ಆದದ್ದು ಗೊತ್ತಾಗದೆ ಹಳೇ ಹಾಲಿನಲ್ಲೇ ಕೂತಿದ್ದೆ ಅನ್ನುವುದೂ ಒಳ್ಳೇ ಕಾರಣವೇ. ಮೈಸೂರಿನಲ್ಲಿ ಕೋರ್ಟುಗಳು ಒಂದೇ ಕಡೆ ಇಲ್ಲ, ಕೆಲವು ಕೃಷ್ಣರಾಜ ಬುಲೆವಾರ್ಡ್ ಕಡೆ, ಕೆಲವು ಮಳಲವಾಡಿಯಲ್ಲಿ, ಹೊಸಬರು ದಾರಿ ತಪ್ಪಿದರೆ ಆಶ್ಚರ್ಯವಿಲ್ಲ. ಕಬ್ಬಿನ ಕಟಾವಿಗೆ ಆಳು ಸಿಕ್ಕಿದ್ದೇ ಅವತ್ತು ಅನ್ನುವುದು? ನನ್ನ ಪ್ರಕಾರ ಅದು ಪೂರ್ತಿ ನಿಜ, ಪೂರ್ತಿ ಅರ್ಥವಾಗುವಂಥದ್ದು. ಆದರೆ ಜಡ್ಜು ಕೇಳುವುದು, "ವಕೀಲರಿಗೆ ಒಂದು ಫೋನ್ ಮಾಡಲು ಏನಾಗಿತ್ತು?" ಅದಕ್ಕೆ ಉತ್ತರ ಇಟ್ಟುಕೊಂಡು ಹೋಗಿ.

ವಕೀಲರೇ ಬರಲಿಲ್ಲ, ತಪ್ಪು ಅವರದ್ದು ಅಂದರೆ? ಇದಕ್ಕೆ ಎಲ್ಲರೂ ತೋರಿಸುವುದು 1981ರ ರಫೀಕ್ ಕೇಸು. ಹಳ್ಳಿಯ ಮನುಷ್ಯ ವಕೀಲರನ್ನು ಇಟ್ಟು, ಫೀಸು ಕೊಟ್ಟು, ತನ್ನ ಕೈಲಾದದ್ದು ಮಾಡಿ ಮನೆಗೆ ಹೋಗಿದ್ದಾನೆ. ವಕೀಲರು ಬರದಿದ್ದರೆ ಅದಕ್ಕೆ ಅವನು ಯಾಕೆ ಅನುಭವಿಸಬೇಕು ಅನ್ನುವುದು ಆ ತೀರ್ಪಿನ ಸಾರ. ಆದರೆ 1993ರ ಸಲಿಲ್ ದತ್ತ ಕೇಸಿನಲ್ಲಿ ಅದೇ ಸುಪ್ರೀಂ ಕೋರ್ಟು, ಎಲ್ಲರಿಗೂ ಈ ರಿಯಾಯಿತಿ ಇಲ್ಲ, ಓದು ಬರಹ ಬಲ್ಲ ಕಂಪನಿಯವರು ಎಲ್ಲವನ್ನೂ ವಕೀಲರ ತಲೆಗೆ ಕಟ್ಟಿ ಕೈತೊಳೆದುಕೊಳ್ಳುವ ಹಾಗಿಲ್ಲ ಅಂದಿದೆ. ಹಾಗಾಗಿ ನೀವು ಯಾರು, ಎಷ್ಟು ವಿಚಾರಿಸುತ್ತಿದ್ದಿರಿ ಅನ್ನುವುದೂ ತಕ್ಕಡಿಗೆ ಬೀಳುತ್ತದೆ. ವಕೀಲರು ಕಲಾಪ ಬಹಿಷ್ಕಾರ ಮಾಡಿದ ದಿನ ಕೇಸು ಬಿದ್ದಿದ್ದರೆ ಅದನ್ನೂ ಕಾರಣವಾಗಿ ಹೇಳಬಹುದು, ಆದರೆ ಎದುರಿನವರಿಗೆ ಆದ ಖರ್ಚನ್ನು ಬಹಿಷ್ಕಾರ ಮಾಡಿದ ವಕೀಲರಿಂದಲೇ ಕೊಡಿಸಬಹುದು ಅಂತ ಕೂಡ ಸುಪ್ರೀಂ ಕೋರ್ಟು ಹೇಳಿದೆ.

ಅರ್ಜಿ ಹಾಕಿದ ಮೇಲೆ ಎದುರುಪಾರ್ಟಿಗೆ ನೋಟಿಸ್ ಹೋಗುತ್ತದೆ. 8ನೇ ನಿಯಮದಡಿ ಬಿದ್ದ ಕೇಸಿನಲ್ಲಿ ಅವರಿಗೆ ತಿಳಿಸದೆ ತೆರೆಯುವ ಹಾಗೇ ಇಲ್ಲ. ಅವರು ತಕರಾರು ಹಾಕುತ್ತಾರೆ, ಬೇಕಿದ್ದರೆ ನಿಮ್ಮನ್ನು ಪಾಟೀಸವಾಲು ಮಾಡುತ್ತಾರೆ. ಕೊನೆಗೆ ಜಡ್ಜು ಒಪ್ಪಿದರೆ ಸಾಮಾನ್ಯವಾಗಿ ಕಾಸ್ಟ್ (ಎದುರಿನವರ ಖರ್ಚಿಗೆ ನೀವು ಕೊಡಬೇಕಾದ ದುಡ್ಡು) ಹಾಕಿ ತೆರೆಯುತ್ತಾರೆ. ಆ ದುಡ್ಡನ್ನು ಹೇಳಿದ ದಿನದೊಳಗೆ ಕಟ್ಟಿ. ಕಾಸ್ಟ್ ಕಟ್ಟದೆ, ಕಷ್ಟಪಟ್ಟು ತೆರೆಸಿದ ಕೇಸನ್ನು ಮತ್ತೆ ಕಳಕೊಂಡವರಿದ್ದಾರೆ.

ಈ ಮಧ್ಯದ ದಿನಗಳು ಬಹಳ ಸೂಕ್ಷ್ಮ. ಜಮೀನು ಮಾರಬಾರದು, ಬೇಲಿ ಕೀಳಬಾರದು ಅಂತ ನೀವು ತಡೆಯಾಜ್ಞೆ ತಂದಿದ್ದರೆ, ದಾವಾ ವಜಾ ಆದ ದಿನವೇ ಅದೂ ಬಿತ್ತು. 8ನೇ ನಿಯಮದಲ್ಲಿ ಬಿದ್ದಿದ್ದರೆ ಎದುರಿನವರಿಗೆ ಇದು ನಿಮಗಿಂತ ಮೊದಲೇ ಗೊತ್ತಿರುತ್ತದೆ, ಯಾಕೆಂದರೆ ಅವತ್ತು ಅವರ ವಕೀಲರು ಅಲ್ಲೇ ಇದ್ದರು. ಮಾರನೇ ದಿನ ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ಅವರು ಕಂಡರೆ ಅಚ್ಚರಿಪಡಬೇಡಿ. ದಾವಾ ಮತ್ತೆ ತೆರೆದಾಗ ಇಂಥ ಮಧ್ಯಂತರ ಆದೇಶ ಸಾಮಾನ್ಯವಾಗಿ ತಾನಾಗಿಯೇ ಮತ್ತೆ ಜೀವ ಪಡೆಯುತ್ತದೆ ಅಂತ ಸುಪ್ರೀಂ ಕೋರ್ಟು 2004ರಲ್ಲಿ ಹೇಳಿದೆ. ಆದರೆ ತೀರ್ಪಿಗೆ ಮುಂಚೆ ಮಾಡಿಸಿದ ಆಸ್ತಿ ಜಪ್ತಿ ಹಾಗೆ ತಾನಾಗಿ ಬರುವುದಿಲ್ಲ, ಅದನ್ನು ಹೊಸದಾಗಿ ಕೇಳಬೇಕು. ಏನೇ ಇರಲಿ, ತೆರೆಸುವ ಅರ್ಜಿಯ ಜೊತೆಗೇ "ಇದು ತೀರ್ಮಾನ ಆಗುವವರೆಗೆ ಆಸ್ತಿ ಹೀಗೇ ಇರಲಿ" ಅಂತ ಒಂದು ಮಧ್ಯಂತರ ಅರ್ಜಿ (ಐ.ಎ.) ಹಾಕಿಸಿ.

ಎಲ್ಲ "ವಜಾ"ವೂ ಗೈರುಹಾಜರಿಯ ವಜಾ ಅಲ್ಲ ಅನ್ನುವುದನ್ನೂ ಹೇಳಬೇಕು. ಸಾಕ್ಷ್ಯದ ಘಟ್ಟದಲ್ಲಿ ನಿಮಗೆ ಸಾಕಷ್ಟು ಅವಕಾಶ ಕೊಟ್ಟೂ ಬರಲಿಲ್ಲ ಅಂದರೆ ಕೆಲವು ಸಲ ಜಡ್ಜು 17ನೇ ಆದೇಶದ ಕೆಳಗೆ ಸಾಕ್ಷ್ಯ ಮುಗಿಯಿತು ಅಂತ ಬರೆದು, ಇರುವ ದಾಖಲೆ ಮೇಲೆಯೇ ತೀರ್ಪು ಕೊಟ್ಟುಬಿಡುತ್ತಾರೆ. ಅದು ತೀರ್ಪು, ಡಿಕ್ರಿ. ಅದಕ್ಕೆ ತೆರೆಸುವ ಅರ್ಜಿ ನಡೆಯುವುದಿಲ್ಲ, ಅಪೀಲೇ ಹಾಕಬೇಕು. ಅದಕ್ಕೇ ಆರ್ಡರ್ ಶೀಟು ಓದದೆ ಯಾವ ಅರ್ಜಿಯನ್ನೂ ಬರೆಸಬೇಡಿ ಅನ್ನುವುದು. ವಾದಿಯೇ ತೀರಿಕೊಂಡು ಅದು ಯಾರಿಗೂ ಗೊತ್ತಾಗದೆ ಕೇಸು ವಜಾ ಆಗಿದ್ದರೆ ಅದೂ ಬೇರೆ ಕಥೆ. ಸತ್ತವರು ಗೈರುಹಾಜರಾಗುವುದಿಲ್ಲ. ಅಲ್ಲಿ ವಾರಸುದಾರರನ್ನು 90 ದಿನದೊಳಗೆ ಸೇರಿಸಬೇಕು, ಮೀರಿದರೆ ಮುಂದಿನ 60 ದಿನದಲ್ಲಿ ಅರ್ಜಿ ಹಾಕಬೇಕು.

ಪ್ರತಿವಾದಿ ಬರದಿದ್ದರೆ ಕೇಸು ವಜಾ ಆಗುವುದಿಲ್ಲ, ಅದು ಎಕ್ಸ್‌ಪಾರ್ಟೆ ಆಗಿ, ಅಂದರೆ ಅವರಿಲ್ಲದೆಯೇ, ಮುಂದೆ ಹೋಗುತ್ತದೆ. ಸಮನ್ಸ್ ತಗೊಳ್ಳದಿದ್ದರೆ ಕೇಸು ನಿಲ್ಲುತ್ತದೆ ಅಂತ ಹಳ್ಳಿಗಳಲ್ಲಿ ಇನ್ನೂ ನಂಬಿದ್ದಾರೆ. ಅಮೀನರು ಬಂದಾಗ "ನಾನು ತಗೊಳಲ್ಲ ಹೋಗಿ" ಅಂದರೆ ಅವರು ಹಾಗೇ ಬರೆದುಕೊಂಡು ಹೋಗುತ್ತಾರೆ, ಇಲ್ಲವೇ ಬಾಗಿಲಿಗೆ ಅಂಟಿಸಿ ಹೋಗುತ್ತಾರೆ, ಕಾನೂನಿನ ಲೆಕ್ಕದಲ್ಲಿ ಜಾರಿ ಆಯಿತು. ಕಾಣದಿದ್ದವರಿಗೆ ಪತ್ರಿಕೆಯಲ್ಲಿ ಪ್ರಕಟಣೆ ಕೊಟ್ಟೂ ಜಾರಿ ಮಾಡಬಹುದು. ತೀರ್ಪು ಬರುವ ಮುಂಚೆ ಗೊತ್ತಾದರೆ 7ನೇ ನಿಯಮದಡಿ ಕಾರಣ ಹೇಳಿ ಒಳಗೆ ಬರಬಹುದು. ಡಿಕ್ರಿ ಆದ ಮೇಲೆ 13ನೇ ನಿಯಮ, ಅಲ್ಲೂ 30 ದಿನ. ಒಂದೇ ವ್ಯತ್ಯಾಸ: ಸಮನ್ಸ್ ಸರಿಯಾಗಿ ಜಾರಿಯೇ ಆಗಿರಲಿಲ್ಲ ಅಂದರೆ ನಿಮಗೆ ಡಿಕ್ರಿ ವಿಷಯ ತಿಳಿದ ದಿನದಿಂದ ಎಣಿಕೆ. ಊರು ಬಿಟ್ಟು ಹತ್ತು ವರ್ಷ ಆದವರ ಹೆಸರಿಗೆ ಹಳೇ ವಿಳಾಸಕ್ಕೆ ಸಮನ್ಸ್ ಕಳಿಸಿ ಡಿಕ್ರಿ ತಗೊಂಡಿರುವ ಕೇಸುಗಳು ಇಲ್ಲೇ ಬಿಚ್ಚಿಕೊಳ್ಳುತ್ತವೆ.

ಡಿಕ್ರಿ ಸಿಕ್ಕಿ, ಅದನ್ನು ಜಾರಿ ಮಾಡಿಸಲು ಎಕ್ಸಿಕ್ಯೂಷನ್ ಹಾಕಿದವರು ಇನ್ನೂ ಎಚ್ಚರವಾಗಿರಬೇಕು. ಅದು ಗೈರುಹಾಜರಿಗೆ ಬಿದ್ದರೆ 21ನೇ ಆದೇಶದಡಿ ತೆರೆಸಲು 30 ದಿನವೇ, ಆದರೆ ವಿಳಂಬ ಮನ್ನಾ ಮಾಡುವ 5ನೇ ಕಲಂ ಅಲ್ಲಿಗೆ ಅನ್ವಯಿಸುವುದಿಲ್ಲ. 31ನೇ ದಿನ ಹೋದರೆ ಬಾಗಿಲು ಮುಚ್ಚಿದೆ. ಸಮಾಧಾನದ ವಿಷಯ ಅಂದರೆ ಡಿಕ್ರಿಯ 12 ವರ್ಷ ಮುಗಿಯದಿದ್ದರೆ ಹೊಸ ಎಕ್ಸಿಕ್ಯೂಷನ್ ಹಾಕಬಹುದು.

ಇನ್ನು ಚೆಕ್ ಬೌನ್ಸ್. ಮೈಸೂರಿನಲ್ಲಿ ಕೈಸಾಲ, ಚೀಟಿ ದುಡ್ಡು, ಸೈಟಿನ ಅಡ್ವಾನ್ಸು ಅಂತ ಈ ಕೇಸುಗಳಿಗೆ ಬರವಿಲ್ಲ. ದುಡ್ಡು ಕಳಕೊಂಡವರೇ ಕೇಸು ಹಾಕಿದ್ದರೂ ಇದು ಕ್ರಿಮಿನಲ್ ಕೇಸು, ಮೇಲೆ ಹೇಳಿದ ಯಾವುದೂ ಇದಕ್ಕೆ ಹೊಂದುವುದಿಲ್ಲ. ದೂರುದಾರ ಬರಲಿಲ್ಲ ಅಂದರೆ ಇಲ್ಲಿ ಆಗುವುದು ಬರೀ ವಜಾ ಅಲ್ಲ, ಆರೋಪಿಯ ಖುಲಾಸೆ. ಹಳೇ ದಂಡ ಪ್ರಕ್ರಿಯಾ ಸಂಹಿತೆ (ಸಿ.ಆರ್.ಪಿ.ಸಿ.)ಯ 256ನೇ ಕಲಂನಲ್ಲಿ ಇದ್ದದ್ದು ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 279ನೇ ಕಲಂ. 2024ರ ಜುಲೈ 1ರಿಂದ ಜಾರಿಗೆ ಬಂದ ಈ ಹೊಸ ಕಾನೂನಿನಲ್ಲಿ ದೂರುದಾರನಿಗೆ ಹಾಜರಾಗಲು 30 ದಿನ ಅವಕಾಶ ಕೊಟ್ಟ ಮೇಲೆಯೇ ಖುಲಾಸೆ ಅಂತ ಸೇರಿಸಿದ್ದಾರೆ, ಇದು ಒಳ್ಳೇ ಬದಲಾವಣೆ. ವಕೀಲರು ಇದ್ದು, ಅವತ್ತು ದೂರುದಾರನ ಅಗತ್ಯ ಇಲ್ಲ ಅನ್ನಿಸಿದರೆ ಮ್ಯಾಜಿಸ್ಟ್ರೇಟರು ಹಾಜರಿ ಮನ್ನಾ ಮಾಡಿ ಮುಂದೆ ಹೋಗಬಹುದು. ಆದರೆ ಒಮ್ಮೆ ಖುಲಾಸೆ ಆಯಿತು ಅಂದರೆ ಆ ಮ್ಯಾಜಿಸ್ಟ್ರೇಟರು ತಾವೇ ಅದನ್ನು ವಾಪಸ್ ತೆರೆಯಲಾರರು. ಕ್ರಿಮಿನಲ್ ಕೋರ್ಟಿಗೆ ತನ್ನದೇ ಆದೇಶ ಬದಲಾಯಿಸುವ ಅಧಿಕಾರ ಇಲ್ಲ. "ಸಿವಿಲ್ ಹಾಗೇ ಒಂದು ಅರ್ಜಿ ಹಾಕಿ ತೆರೆಸೋಣ" ಅಂತ ಅದೇ ಕೋರ್ಟಿನಲ್ಲಿ ತಿಂಗಳುಗಟ್ಟಲೆ ಕಾಯುವುದು ದಂಡ. ಅಪೀಲಿಗೇ ಹೋಗಬೇಕು. ಅದಕ್ಕೆ ಬೆಂಗಳೂರಿನ ಹೈಕೋರ್ಟಿನ ಅನುಮತಿ ಬೇಕಾಗುತ್ತಿತ್ತು. 2025ರಲ್ಲಿ ಸುಪ್ರೀಂ ಕೋರ್ಟು, ಚೆಕ್ ಕೇಸಿನ ದೂರುದಾರನೂ ಸಂತ್ರಸ್ತನೇ, ಸಂತ್ರಸ್ತನ ಹಕ್ಕಿನಲ್ಲಿ ಅಪೀಲು ಹಾಕಬಹುದು ಅಂದ ಮೇಲೆ ಹತ್ತಿರದ ದಾರಿಯೊಂದು ತೆರೆದಿದೆ. ನಿಮ್ಮ ಕೇಸಿಗೆ ಯಾವುದು ಹೊಂದುತ್ತದೆ ಅಂತ ವಕೀಲರ ಜೊತೆ ಕೂತು ನೋಡಿ, ಆದರೆ ಬೇಗ ನೋಡಿ.

ಇದೆಲ್ಲ ಬಿದ್ದ ಮೇಲಿನ ಮಾತು. ಬೀಳದ ಹಾಗೆ ನೋಡಿಕೊಳ್ಳುವುದು ಈಗ ಅಷ್ಟು ಕಷ್ಟವಿಲ್ಲ. ಪ್ರತಿ ಕೇಸಿಗೂ ಸಿ.ಎನ್.ಆರ್. ಅಂತ 16 ಅಕ್ಷರ-ಅಂಕಿಯ ನಂಬರ್ ಇರುತ್ತದೆ, ನಮ್ಮ ರಾಜ್ಯದ್ದು ಕೆ.ಎ. ಅಂತ ಶುರುವಾಗುತ್ತದೆ. ಅದನ್ನು ವಕೀಲರ ಹತ್ತಿರ ಕೇಳಿ ಬರೆದಿಟ್ಟುಕೊಳ್ಳಿ. ಇ-ಕೋರ್ಟ್ಸ್ ಆ್ಯಪ್ ಪುಕ್ಕಟೆ. ನಂಬರ್ ಹಾಕಿದರೆ ಮುಂದಿನ ವಾಯಿದೆ ಯಾವತ್ತು, ಯಾವ ಕೋರ್ಟ್ ಹಾಲು, ಹಿಂದಿನ ವಾಯಿದೆಯಲ್ಲಿ ಏನಾಯಿತು ಅನ್ನುವುದು ಕಾಣುತ್ತದೆ. ಮನೆಯಲ್ಲಿ ಮೊಬೈಲ್ ಹಿಡಿದ ಹುಡುಗರಿಗೆ ಹೇಳಿದರೆ ಅರೆಗಳಿಗೆಯ ಕೆಲಸ. "ವಕೀಲರು ನೋಡ್ಕೋತಾರೆ" ಅಂತ ಬಿಟ್ಟು ಬಿಡುವ ಅಭ್ಯಾಸ ನಮ್ಮಲ್ಲಿ ಜಾಸ್ತಿ, ವಕೀಲರೂ ಒಂದೇ ದಿನ ಮಂಡ್ಯದಲ್ಲೊಂದು ಶ್ರೀರಂಗಪಟ್ಟಣದಲ್ಲೊಂದು ಕೇಸು ಇಟ್ಟುಕೊಂಡು ಓಡುತ್ತಿರುತ್ತಾರೆ. ತಿಂಗಳಿಗೊಮ್ಮೆ ನೀವೇ ನೋಡಿ.

ವಕೀಲರಿಗೆ ಕೊಡಲು ದುಡ್ಡಿಲ್ಲ ಅನ್ನುವ ಕಾರಣಕ್ಕೆ ಆ 30 ದಿನ ಕಳೆಯಬೇಡಿ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಮೈಸೂರಿನಲ್ಲೂ ಇದೆ, ಮಂಡ್ಯದಲ್ಲೂ ಇದೆ. 1987ರ ಕಾಯಿದೆಯ ಪ್ರಕಾರ ಹೆಂಗಸರಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ ಆದಾಯ ಎಷ್ಟೇ ಇರಲಿ ಉಚಿತವಾಗಿ ವಕೀಲರನ್ನು ಕೊಡುತ್ತಾರೆ, ಇನ್ನೂ ಕೆಲವು ವರ್ಗದವರಿಗೂ ಹೀಗೇ, ಉಳಿದವರಿಗೆ ಆದಾಯದ ಮಿತಿ ಇದೆ. 15100ಕ್ಕೆ ಫೋನ್ ಮಾಡಿಯೂ ಕೇಳಬಹುದು.

ಕೊನೆಗೆ, 8ನೇ ನಿಯಮದಲ್ಲಿ ಬಿದ್ದ ಕೇಸನ್ನು ತೆರೆಸುವ ಅರ್ಜಿಯನ್ನೂ ಜಡ್ಜು ತಿರಸ್ಕರಿಸಿದರೆ ಅದರ ಮೇಲೆ 43ನೇ ಆದೇಶದಡಿ ಅಪೀಲು ಉಂಟು (4ನೇ ನಿಯಮದ ಅರ್ಜಿ ತಿರಸ್ಕಾರವಾದರೆ ಈ ಅಪೀಲು ಇಲ್ಲ). ಜಿಲ್ಲಾ ಕೋರ್ಟಿಗಾದರೆ 30 ದಿನ, ಹೈಕೋರ್ಟಿಗಾದರೆ 90 ದಿನ. ಈ ಸಲ ನಕಲಿಗೆ ಹಿಡಿದ ದಿನಗಳನ್ನು ಕಳೆಯುತ್ತಾರೆ, ಹಾಗಾಗಿ ಆದೇಶ ಬಂದ ದಿನವೇ ಕಾಪಿ ಅಪ್ಲಿಕೇಶನ್ ಹಾಕಿಬಿಡಿ.